ಬೂಷ್ಟು ಮತ್ತು ಸುಂಕದವನು

ಬನ್ನಿ ಮೇಷ್ಟ್ರೇ, ಬೇಲಿಯ ಈ ಕಡೆ ನೆರಳಿದೆ. ನಾನು ಜಪಾನಿನಿಂದ ಬಂದಾಗಿನಿಂದ ಕಂಡವರೆಲ್ಲ ಬುಲೆಟ್ ರೈಲು ಹೇಗಿತ್ತು, ಚೆರ್ರಿ ಹೂವು ಅರಳಿತ್ತಾ ಅಂತ ಕೇಳಿ ಹೋದರು. ಅಲ್ಲಿಯವರು ಏನು ಕುಡೀತಾರೆ, ಜೊತೆಗೆ ಏನು ನಂಚಿಕೊಳ್ತಾರೆ ಅಂತ ಬಾಯಿಬಿಟ್ಟು ಕೇಳಿದವರು ನೀವೊಬ್ಬರೇ. ಅದೂ ಅಮ್ಮಾವ್ರು ಪೂಜೆಗೆ ಕೂತ ಹೊತ್ತು ನೋಡಿಕೊಂಡು! ಇರಲಿ, ಹೇಳ್ತೀನಿ.

ಮಗಳು ಅಳಿಯ ಒಸಾಕಾದಲ್ಲಿರೋದು ನಿಮಗೆ ಗೊತ್ತು. ಅಳಿಯ ನನಗಾಗಿ ಒಂದು ಪ್ರವಾಸಕ್ಕೆ ದುಡ್ಡು ಕಟ್ಟಿಟ್ಟಿದ್ದ. ಹೋಟೆಲಿನ ಬಾಣಸಿಗ, ಶೆಫ್ ಅಂತಾರಲ್ಲ, ಅಂಥವನೊಬ್ಬ ನಾಲ್ಕಾರು ಜನರನ್ನು ಕರೆದುಕೊಂಡು ಹಗಲು ಕ್ಯೋಟೊದ ಫುಶಿಮಿಯಲ್ಲಿ ಸಾಕೆ, ಸಂಜೆ ಒಸಾಕಾದಲ್ಲಿ ಬೀದಿ ತಿಂಡಿ, ರಾತ್ರಿ ಸಣ್ಣ ಸಣ್ಣ ಕಾರ್ಖಾನೆಗಳ ಬಿಯರು ತೋರಿಸೋದು. ಮಾವನಿಗೆ ಇಂಥದ್ದು ಮಾಡಿಸೋ ಅಳಿಯ ಉಂಟೇ ಅಂತ ಹುಬ್ಬೇರಿಸಬೇಡಿ. ಅವನ ಲೆಕ್ಕ ಅವನಿಗೆ. ಜೀವಮಾನವೆಲ್ಲ ಅಬಕಾರಿ ಇಲಾಖೆಯಲ್ಲಿ ಸವೆಸಿದ ಮನುಷ್ಯ, ದೇವಸ್ಥಾನ ತೋರಿಸಿದರೆ ಆಕಳಿಸ್ತಾನೆ, ಹೆಂಡ ತೋರಿಸಿದರೆ ಲೈಸೆನ್ಸ್ ಎಲ್ಲಿ ಅಂತ ಎದ್ದು ಕೂರ್ತಾನೆ ಅಂತ.

ಮೊದಲಿಗೇ ಒಂದು ಮಾತು. ನಮ್ಮ ಕಡೆ ಸಾಕೆ ಅಂದರೆ ಅಕ್ಕಿ ಸಾರಾಯಿ ಅಂದುಕೊಂಡಿದ್ದಾರೆ. ಅಲ್ಲ. ಸಾರಾಯಿ ಬಟ್ಟಿ ಇಳಿಸಬೇಕು; ಸಾಕೆ ಇಳಿಸೋದಲ್ಲ, ಹುಳಿಸೋದು. ಬಾಟಲಿ ತುಂಬುವ ಹೊತ್ತಿಗೆ ನೂರಕ್ಕೆ ಹದಿನೈದು ಹದಿನಾರು ಪಾಲು ಮದ್ಯಸಾರ, ಅಷ್ಟೇ. ಉಳಿದದ್ದು ಬಹುಪಾಲು ನೀರು. ಅದಕ್ಕೇ ಫುಶಿಮಿಯಲ್ಲಿ ರೈಲಿಳಿದ ಕೂಡಲೇ ಆ ಶೆಫ್ ನಮಗೆ ಸಾಕೆ ಕುಡಿಸಲಿಲ್ಲ, ನೀರು ಕುಡಿಸಿದ. ಗೊಕೊನೊಮಿಯಾ ಅಂತ ದೇಗುಲ. ಅದರ ಅಂಗಳದಲ್ಲಿ ಬುಗ್ಗೆ ನೀರು. ಊರಿನವರು ಕ್ಯಾನು ಹಿಡಿದು ನಿಂತಿದ್ದರು. ನೀರಿನಲ್ಲಿ ಕಬ್ಬಿಣದ ಅಂಶವಿದ್ದರೆ ಸಾಕೆಯ ಬಣ್ಣ, ರುಚಿ ಎರಡೂ ಕೆಡುತ್ತೆ. ಫುಶಿಮಿಯ ನೀರು ಮೆದು, ಸಾಕೆಯೂ ನಯ. ಆ ಕಡೆ ಕೋಬೆ ಹತ್ತಿರದ ನಾದಾದಲ್ಲಿ ಗಡಸು ನೀರು, ಸಾಕೆಯೂ ಖಡಕ್ಕು. ಅಲ್ಲೊಬ್ಬ ಸಾಕೆ ಸಾಹುಕಾರ ಇದ್ದನಂತೆ, ಯಾಮಾಮುರಾ ತಾಜಾಎಮೊನ್ ಅಂತ. ಅವನಿಗೆ ಎರಡು ಊರುಗಳಲ್ಲಿ ಎರಡು ಸಾಕೆಮನೆ. ಒಂದರ ಸಾಕೆ ಯಾವಾಗಲೂ ಒಂದು ಕೈ ಮೇಲು. ಅಕ್ಕಿ ಬದಲಾಯಿಸಿ ನೋಡಿದ, ಕೆಲಸದವರನ್ನು ಅದಲುಬದಲು ಮಾಡಿ ನೋಡಿದ, ಕೊನೆಗೆ ಆ ಊರಿನ ಬಾವಿ ನೀರನ್ನು ಈ ಊರಿಗೆ ಹೊತ್ತು ತಂದ. ಗುಟ್ಟು ಬಾವಿಯಲ್ಲಿತ್ತು. ಇದು 1840ರ ಮಾತು. ಆಮೇಲೆ ಸುತ್ತಲಿನವರೆಲ್ಲ ಆ ನೀರಿಗೇ ಮುಗಿಬಿದ್ದರು.

ನೀರಿನ ಕಥೆ ಹಾಗಿರಲಿ. ನಿಜವಾದ ಯಜಮಾನ ಬೇರೆ ಇದ್ದಾನೆ. ಬೂಷ್ಟು.

ಮುಖ ಸಿಂಡರಿಸಬೇಡಿ ಮೇಷ್ಟ್ರೇ, ಬೂಷ್ಟೇ. ದ್ರಾಕ್ಷಿಯಲ್ಲಿ ಸಕ್ಕರೆ ಇದೆ, ಈಚಲ ನೀರಾದಲ್ಲಿ ಇದೆ, ಸುಮ್ಮನೆ ಇಟ್ಟರೂ ಹುಳಿ ಬಂದು ಹೆಂಡವಾಗುತ್ತೆ. ಅಕ್ಕಿಯಲ್ಲಿ ಸಕ್ಕರೆ ಎಲ್ಲಿ? ಬರೀ ಪಿಷ್ಟ. ಯೀಸ್ಟಿಗೆ ಪಿಷ್ಟ ತಿನ್ನಲು ಬಾರದು. ಮೊದಲು ಯಾರಾದರೂ ಅದನ್ನು ಸಕ್ಕರೆ ಮಾಡಿಕೊಡಬೇಕು. ಬಹಳ ಹಿಂದೆ ಅಕ್ಕಿಯನ್ನು ಬಾಯಲ್ಲಿ ಅಗಿದು ಉಗುಳಿ ಮಾಡ್ತಿದ್ದರಂತೆ, ಎಂಜಲಿನಲ್ಲೇ ಆ ಕೆಲಸ ನಡೀತಿತ್ತು. ಆಮೇಲೆ ಕೋಜಿ ಅನ್ನುವ ಬೂಷ್ಟು ಒಲಿಯಿತು. ಆವಿಯಲ್ಲಿ ಬೇಯಿಸಿದ ಅಕ್ಕಿಯ ಮೇಲೆ ಅದರ ಬೀಜಕಗಳನ್ನು ಪುಡಿಯಂತೆ ಉದುರಿಸಿ, ಬೆಚ್ಚನೆಯ ಮರದ ಕೋಣೆಯಲ್ಲಿ ಎರಡು ದಿನ ಸಾಕುತ್ತಾರೆ. ರಾತ್ರಿ ಎದ್ದು ಎದ್ದು ಮುಟ್ಟಿ ನೋಡ್ತಾರೆ, ಬಿಸಿ ಹೆಚ್ಚಾದರೆ ಕೆದಕಿ ಹರಡ್ತಾರೆ. ಬಾಣಂತನವೇ ಅನ್ನಿ. ಎರಡು ದಿನ ಕಳೆದರೆ ಅಕ್ಕಿಕಾಳಿಗೆ ಬಿಳಿ ನವಿರು ಹಿಡಿದಿರುತ್ತೆ. ಶೆಫ್ ನಾಲ್ಕು ಕಾಳು ಅಂಗೈಗೆ ಹಾಕಿದ. ಅಗಿದೆ. ಸಿಹಿ! ಇದನ್ನು ಇನ್ನಷ್ಟು ಅನ್ನ, ನೀರು, ಯೀಸ್ಟು ಸೇರಿಸಿ ತೊಟ್ಟಿಗೆ ಹಾಕಿದರೆ, ಒಂದೇ ತೊಟ್ಟಿಯಲ್ಲಿ ಬೂಷ್ಟು ಪಿಷ್ಟವನ್ನು ಸಕ್ಕರೆ ಮಾಡ್ತಾ ಇರುತ್ತೆ, ಯೀಸ್ಟು ಆ ಸಕ್ಕರೆಯನ್ನು ಮದ್ಯ ಮಾಡ್ತಾ ಇರುತ್ತೆ. ಬಿಯರಿನಲ್ಲಿ ಈ ಎರಡು ಕೆಲಸ ಒಂದಾದ ಮೇಲೊಂದು, ಇಲ್ಲಿ ಜೊತೆಜೊತೆಗೇ. ಅದಕ್ಕೇ ನೀರು ಬೆರೆಸುವ ಮುಂಚೆ ಮದ್ಯಸಾರ ನೂರಕ್ಕೆ ಇಪ್ಪತ್ತರ ಹತ್ತಿರಕ್ಕೂ ಹೋಗಬಲ್ಲದು, ಬಟ್ಟಿ ಇಲ್ಲದೆ.

ಈ ಬೂಷ್ಟಿಗೆ ಅಲ್ಲಿ ಇರುವ ಮರ್ಯಾದೆ ನೋಡಬೇಕು. 2006ರಲ್ಲಿ ಅವರ ಮದ್ಯತಯಾರಿಕಾ ಸಂಘ ಅದನ್ನು ದೇಶದ ಶಿಲೀಂಧ್ರ ಅಂತ ಘೋಷಿಸಿತು. 2024ರ ಡಿಸೆಂಬರಿನಲ್ಲಿ ಯುನೆಸ್ಕೊದವರು ಕೋಜಿಯಿಂದ ಮದ್ಯ ಮಾಡುವ ಕಲೆಯನ್ನು ತಮ್ಮ ಪಾರಂಪರಿಕ ಪಟ್ಟಿಗೆ ಸೇರಿಸಿದರು. ಅಷ್ಟೇ ಅಲ್ಲ, ಇದಕ್ಕಾಗಿ ಹೊಡೆದಾಟವೇ ಆಗಿದೆ. ಕ್ಯೋಟೊದಲ್ಲಿ ಕಿತಾನೊ ಅಂತ ದೊಡ್ಡ ದೇಗುಲ, ವಿದ್ಯೆಯ ದೇವರದ್ದು. ಪರೀಕ್ಷೆ ಬಂದರೆ ಹುಡುಗರೆಲ್ಲ ಅಲ್ಲಿ ಕೈಮುಗೀತಾರೆ. ಹಿಂದೊಂದು ಕಾಲದಲ್ಲಿ ಊರಿನಲ್ಲಿ ಕೋಜಿ ತಯಾರಿಸುವ ಹಕ್ಕು ಆ ದೇಗುಲದ ಆಶ್ರಯದಲ್ಲಿದ್ದ ಕೂಟಕ್ಕೆ ಮಾತ್ರ. ಸಾಕೆ ಮಾಡುವವರು ನಾವೇ ಬೂಷ್ಟು ಬೆಳೆಸಿಕೊಳ್ತೀವಿ ಅಂತ ಎದ್ದರು. 1444ರಲ್ಲಿ ಗಲಾಟೆ ಮಿತಿಮೀರಿ, ಸೈನ್ಯ ಬಂದು, ದೇಗುಲಕ್ಕೆ ಬೆಂಕಿ ಬಿತ್ತು. ವಿದ್ಯೆಯ ದೇವರ ಗುಡಿ ಬೂಷ್ಟಿನ ಜಗಳದಲ್ಲಿ ಸುಟ್ಟಿತು. ನೀವು ಪಾಠ ಹೇಳುವಾಗ ಇಂಥದ್ದು ಹೇಳಿದ್ದರೆ ನಿಮ್ಮ ಹುಡುಗರು ಇತಿಹಾಸದಲ್ಲಿ ನಿದ್ದೆ ಮಾಡ್ತಿರಲಿಲ್ಲ.

ಆಗಿನ ಸೇನಾ ದೊರೆಗಳಾದ ಷೋಗನ್ನರ ಬೊಕ್ಕಸಕ್ಕೂ ಸಾಕೆಮನೆಗಳ ತೆರಿಗೆಯೇ ದೊಡ್ಡ ಆಧಾರವಂತೆ. ಶೆಫ್ ಇದನ್ನು ನಡೆಯುತ್ತಾ ಹಾಗೇ ಹೇಳಿಬಿಟ್ಟ. ನನ್ನ ಕಿವಿ ನಿಮಿರಿತು. ಅಲ್ಲಿಂದಾಚೆ ಅವನು ತೋರಿಸಿದ್ದೆಲ್ಲ ಬೂಷ್ಟು, ನಾನು ಕಂಡದ್ದೆಲ್ಲ ಸುಂಕದವನು.

ನೋಡಿ, ನೂರಿಪ್ಪತ್ತು ವರ್ಷದ ಹಿಂದೆ ಜಪಾನ್ ಸರ್ಕಾರದ ತೆರಿಗೆಯಲ್ಲಿ ಸುಮಾರು ಮೂರನೇ ಒಂದು ಪಾಲು ಬರ್ತಿದ್ದದ್ದು ಮದ್ಯದಿಂದ. ಕಂದಾಯವನ್ನೂ ಮೀರಿಸಿತ್ತು. ಹಡಗು, ಫಿರಂಗಿ ಎಲ್ಲಕ್ಕೂ ದುಡ್ಡು ಬೇಕಲ್ಲ. ರೈತರು ಮನೆಯಲ್ಲೇ ದೊಬುರೊಕು ಅಂತ ಸೋಸದ ಬಿಳಿ ಸಾಕೆ ಮಾಡಿಕೊಳ್ತಿದ್ದರು. 1899ರಲ್ಲಿ ಅದನ್ನು ಪೂರ್ತಿ ನಿಷೇಧಿಸಿದರು. ಇವತ್ತಿಗೂ ಲೈಸೆನ್ಸ್ ಇಲ್ಲದೆ ಮನೆಯಲ್ಲಿ ಮದ್ಯ ಹುಳಿಸುವ ಹಾಗಿಲ್ಲ. ಆಗ ಸಾಕೆಮನೆಗಳ ಮೇಲಿನ ಸುಂಕವೋ, ಮಾರಿದ್ದಕ್ಕಲ್ಲ, ಮಾಡಿದ್ದಕ್ಕೆ. ತೊಟ್ಟಿ ಕೆಟ್ಟು ಹುಳಿಯಾಗಿ ಚೆಲ್ಲಿದರೂ ಸುಂಕ ಕಟ್ಟಲೇಬೇಕಿತ್ತು. ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡರೆ ಆಗುತ್ತದೆಯೇ? ಎಷ್ಟೋ ಮನೆ ಮುಳುಗಿದವು.

ಆದರೆ ಸಾಕೆಮನೆ ಮುಳುಗಿದರೆ ಸುಂಕವೂ ಮುಳುಗಿತಲ್ಲ! ಹಾಗಾಗಿ ಸರ್ಕಾರ 1904ರಲ್ಲಿ ಹಣಕಾಸು ಇಲಾಖೆಯ ಕೆಳಗೇ ಒಂದು ಸಂಶೋಧನಾಲಯ ತೆರೆಯಿತು, ಸಾಕೆ ಕೆಡದಂತೆ ನೋಡಿಕೊಳ್ಳಲು. ಒಳ್ಳೆಯ ಸಾಕೆಮನೆಗಳ ಯೀಸ್ಟನ್ನು ಬೇರ್ಪಡಿಸಿ, ನಂಬರು ಕೊಟ್ಟು ದೇಶಕ್ಕೆಲ್ಲ ಹಂಚುವ ಪದ್ಧತಿ ಶುರುವಾಯಿತು. ಆರನೇ ನಂಬರಿನದ್ದು ಅಕಿತಾದ ಅರಾಮಾಸಾ ಮನೆಯದು, ಏಳನೆಯದು ನಾಗಾನೊದ ಮಾಸುಮಿ ಮನೆಯದು, ಇಂದಿಗೂ ಬಳಕೆಯಲ್ಲಿವೆ. 1911ರಿಂದ ಹೊಸ ಸಾಕೆಗೆ ರಾಷ್ಟ್ರೀಯ ಸ್ಪರ್ಧೆ. ತೀರ್ಪುಗಾರರಲ್ಲಿ ತೆರಿಗೆ ಇಲಾಖೆಯ ತಜ್ಞರೂ ಇರ್ತಾರೆ. ಹೌದು ಸ್ವಾಮಿ, ರುಚಿ ನೋಡುವುದೇ ಸರ್ಕಾರಿ ಕೆಲಸ! ಬಿಳಿ ಪಿಂಗಾಣಿ ಬಟ್ಟಲು, ಅದರ ತಳದಲ್ಲಿ ಎರಡು ನೀಲಿ ಬಳೆ ಬರೆದಿರ್ತಾರೆ. ಬಿಳಿಯ ಮೇಲೆ ಬಣ್ಣ ತಿಳಿಯುತ್ತೆ, ನೀಲಿಯ ಅಂಚಿನಲ್ಲಿ ಸಾಕೆ ತಿಳಿಯಾಗಿದೆಯೋ ಮಬ್ಬಾಗಿದೆಯೋ ತಿಳಿಯುತ್ತೆ. ಬಾಯಲ್ಲಿ ಆಡಿಸಿ ಉಗುಳಬೇಕು. ನಮ್ಮ ಇಲಾಖೆಯಲ್ಲಿ ನನಗೆ ಕೊಟ್ಟಿದ್ದು ಹೈಡ್ರೋಮೀಟರ್ ಮತ್ತು ದೂಳು ಹಿಡಿದ ರಿಜಿಸ್ಟರು. ಯಾವ ದೇಶದಲ್ಲಿ ಹುಟ್ಟಬೇಕಿತ್ತೋ ಎಲ್ಲಿ ಹುಟ್ಟಿದೆನೋ.

ಮಯೇದಾ ತೋಶಿಹಿಕೋ ಅಂತ ಒಬ್ಬ ಪುಣ್ಯಾತ್ಮನ ಕಥೆ ಕೇಳಿ. ಮನೆಯಲ್ಲಿ ನನ್ನ ಬಾಯಿಗೆ ನಾನು ಮಾಡಿಕೊಳ್ಳುವ ದೊಬುರೊಕು ತಡೆಯಲು ನೀವ್ಯಾರು ಅಂತ ಪುಸ್ತಕ ಹೊರತಂದ, ತಾನೇ ಮಾಡಿದ, ಮಾಡಿದ್ದನ್ನು ಸವಿಯಲು ಬನ್ನಿ ಅಂತ ರಾಷ್ಟ್ರೀಯ ತೆರಿಗೆ ಇಲಾಖೆಯ ಮುಖ್ಯಸ್ಥನಿಗೇ ಆಹ್ವಾನ ಕಳಿಸಿದ! ಕೇಸು ಸುಪ್ರೀಂ ಕೋರ್ಟಿನ ತನಕ ಹೋಗಿ 1989ರಲ್ಲಿ ಅವನು ಸೋತ. ಸುಂಕ ವಸೂಲಿಗಾಗಿ ಇಂಥ ನಿಷೇಧ ಸಂವಿಧಾನಕ್ಕೆ ವಿರುದ್ಧವಲ್ಲ ಅಂದಿತು ಕೋರ್ಟು. ನಾನು ಇಲಾಖೆಯ ಪರ ಮಾತಾಡಬೇಕಾದವನು, ನಿಜ. ಆದರೂ ಆ ಆಹ್ವಾನಪತ್ರ ನನ್ನ ಟೇಬಲ್ಲಿಗೆ ಬಂದಿದ್ದರೆ ಹೋಗದೆ ಇರ್ತಿದ್ದೆನೇ ಅನ್ನೋದು ಬೇರೆ ಪ್ರಶ್ನೆ. ಈಗೀಗ ಕೆಲವು ಹಳ್ಳಿಗಳಿಗೆ ವಿಶೇಷ ವಲಯ ಅಂತ ರಿಯಾಯಿತಿ ಕೊಟ್ಟು, ತಮ್ಮ ಅಕ್ಕಿಯಲ್ಲಿ ದೊಬುರೊಕು ಮಾಡಿ ತಮ್ಮ ಅತಿಥಿಗಳಿಗೆ ಕೊಡಲು ಬಿಟ್ಟಿದ್ದಾರೆ.

ಸಾಕೆ ರುಚಿ ಹೇಗಿತ್ತು ಅಂತೀರಾ? ಅದನ್ನು ಹೇಳೋದನ್ನೇ ಬಿಟ್ಟೆ. ದುಬಾರಿಯದ್ದು ದೈಗಿಂಜೊ. ಅಕ್ಕಿಯ ಕಾಳನ್ನು ಅರ್ಧಕ್ಕರ್ಧ ಉಜ್ಜಿ ಹಾಕಿ, ಒಳಗಿನ ತಿರುಳಿನಲ್ಲಿ ಮಾತ್ರ ಮಾಡೋದು. ದಾಸ್ಸಾಯಿ ಅಂತ ಹೆಸರಾಂತ ಸಾಕೆಯೊಂದರಲ್ಲಿ ಕಾಳಿನ ನೂರಕ್ಕೆ 23 ಪಾಲು ಮಾತ್ರ ಉಳಿಸ್ತಾರೆ. ಅಯ್ಯೋ ಅಂತ ಎದೆಗೆ ಕೈ ಇಟ್ಟುಕೊಳ್ಳಬೇಡಿ, ಉಜ್ಜಿದ ಹಿಟ್ಟು ಅಕ್ಕಿ ಬಿಸ್ಕತ್ತಿಗೆ ಹೋಗುತ್ತೆ. ಈ ದೈಗಿಂಜೊ ತಣ್ಣಗೆ, ಮೂಗಿನ ಹತ್ತಿರ ತಂದರೆ ಹಣ್ಣಿನ ವಾಸನೆ. ಎಲ್ಲರೂ ಆಹಾ ಅಂದರು. ಶೆಫ್ ನಕ್ಕು, ಇದು ಊಟಕ್ಕೆ ಮುಂಚೆ ಒಂದು ಗುಟುಕಿಗೆ ಸರಿ, ಊಟದ ಜೊತೆಗೆ ಇದು ಬೇಡ ಅಂದ. ಅವನು ತರಿಸಿದ್ದು ಸಾದಾ ಜುನ್‌ಮಾಯಿ, ಅಕ್ಕಿ, ನೀರು, ಬೂಷ್ಟು, ಯೀಸ್ಟು ಬಿಟ್ಟರೆ ಬೇರೇನಿಲ್ಲ. ನಲವತ್ತು ಡಿಗ್ರಿ ಆಸುಪಾಸಿಗೆ ಬಿಸಿ ಮಾಡಿಸಿದ. ಸಾಕೆಯನ್ನು ಐದು ಡಿಗ್ರಿಯಿಂದ ಐವತ್ತೈದರ ತನಕ, ಹೆಚ್ಚುಕಮ್ಮಿ ಐದೈದು ಡಿಗ್ರಿಗೆ ಒಂದೊಂದು ಹೆಸರಿಟ್ಟು ಕುಡಿಯುವ ಜನ ಅವರು. ಆ ಬೆಚ್ಚಗಿನದು ನನಗೆ ಹಿಡಿಸಿತು. ಹಣ್ಣಿನ ವಾಸನೆಯದಕ್ಕೆ ಅಷ್ಟು ದುಡ್ಡು ಯಾಕೆ ಸುರೀತಾರೋ, ನನಗಂತೂ ಅರ್ಥವಾಗಲಿಲ್ಲ.

ಅವನ ಅಡುಗೆಮನೆಗೂ ಕರೆದೊಯ್ದ. ಅಲ್ಲಿ ಸೋಯಾ ಸಾಸಿನ ಜಾಡಿ, ಮಿಸೋ ಡಬ್ಬ, ಮಿರಿನ್ ಬಾಟಲಿ, ಅಕ್ಕಿ ವಿನೆಗರ್ ಸಾಲಾಗಿಟ್ಟು, ಇವೆಲ್ಲ ಒಂದೇ ತಾಯಿಯ ಮಕ್ಕಳು ಅಂದ. ಎಲ್ಲದರಲ್ಲೂ ಕೋಜಿ. ಬೂಷ್ಟನ್ನು ತೆಗೆದುಬಿಟ್ಟರೆ ಜಪಾನಿನ ಅಡುಗೆಯಲ್ಲಿ ಉಪ್ಪು ಉಳಿಯುತ್ತೆ, ಅಷ್ಟೇ. ಆದರೆ ಆ ಸಾಲಿನಲ್ಲೂ ನಮ್ಮ ಸುಂಕದವನಿದ್ದ ಮೇಷ್ಟ್ರೇ! ಮಿರಿನ್ ಅನ್ನೋದು ಅಡುಗೆಗೆ ಹಾಕುವ ಸಿಹಿ ದ್ರವ, ಆದರೆ ಅದರಲ್ಲಿ ನೂರಕ್ಕೆ ಹದಿನಾಲ್ಕು ಪಾಲಿನಷ್ಟು ಮದ್ಯಸಾರ, ಆದ್ದರಿಂದ ಮದ್ಯದ ಸುಂಕ. ಅಗ್ಗದ ಅಂಗಡಿಯ ಅಡುಗೆ ಸಾಕೆಗೆ ಬೇಕಂತಲೇ ಉಪ್ಪು ಹಾಕಿರ್ತಾರೆ. ಯಾಕೆ? ಕುಡಿಯಲು ಆಗಬಾರದು. ಕುಡಿಯಲಾಗದಿದ್ದರೆ ಮದ್ಯವಲ್ಲ, ಮದ್ಯವಲ್ಲದಿದ್ದರೆ ಸುಂಕವಿಲ್ಲ. ನಮ್ಮ ಶೆಫ್ ಅದನ್ನು ಕೈಯಲ್ಲೂ ಮುಟ್ಟಲ್ಲ. ನಾನು ಅಡುಗೆಗೆ ಉಪ್ಪು ಹಾಕಬೇಕು, ತೆರಿಗೆ ಆಫೀಸಿನವರಲ್ಲ ಅಂದ. ಆ ಮಾತಿಗೆ ಎದ್ದು ನಿಂತು ಕೈಕುಲುಕಿದೆ.

ಸಂಜೆ ಒಸಾಕಾ. ಜನವೋ ಜನ, ಒಸಾಕಾದವರು ತಿಂದೇ ದಿವಾಳಿಯಾಗ್ತಾರೆ ಅಂತ ಅವರಲ್ಲೇ ಗಾದೆಯಂತೆ. ಮೊದಲು ತಾಕೊಯಾಕಿ. ಬಾಣಲೆ ನೋಡಿದರೆ ನಮ್ಮ ಪಡ್ಡಿನ ಹಂಚೇ, ಗುಳಿಗಳು ಹೆಚ್ಚು. ಗೋಧಿ ಹಿಟ್ಟಿನ ತೆಳು ಸಂಪಣ, ನಡುವೆ ಆಕ್ಟೋಪಸ್ ತುಂಡು; ಸೂಜಿಯಂಥ ಕಡ್ಡಿಯಲ್ಲಿ ಗಿರ್ರನೆ ತಿರುಗಿಸ್ತಾರೆ. 1935ರಲ್ಲಿ ಒಸಾಕಾದ ಐಜುಯಾ ಅಂಗಡಿಯಲ್ಲಿ ಹುಟ್ಟಿದ್ದು. ಹೊರಗೆ ಗಟ್ಟಿ, ಒಳಗೆ ಕುದಿಯುವ ಗಂಜಿ. ಅವಸರಪಟ್ಟವರ ಅಂಗುಳು ಸುಟ್ಟಿತು ಅಂತಲೇ ಲೆಕ್ಕ. ಇದರಲ್ಲೂ ಸುಂಕ ಇದೆಯಾ ಅಂತ ನಗ್ತೀರಲ್ಲ, ಇದೆ! 2019ರ ಅಕ್ಟೋಬರಿನಿಂದ ಅಲ್ಲಿ ಪೊಟ್ಟಣ ಕಟ್ಟಿಸಿಕೊಂಡು ಹೋದರೆ ತೆರಿಗೆ ನೂರಕ್ಕೆ ಎಂಟು, ಅಂಗಡಿಯವನ ಬೆಂಚಿನ ಮೇಲೆ ಕೂತು ತಿಂದರೆ ಹತ್ತು. ನಾನು ನಿಂತೇ ತಿಂದೆ.

ಆಮೇಲೆ ಶಿನ್‌ಸೆಕಾಯಿ ಅನ್ನುವ ಹಳೇ ಪೇಟೆಯಲ್ಲಿ ಕುಶಿಕಾತ್ಸು. ಕಡ್ಡಿಗೆ ಚುಚ್ಚಿ, ಹಿಟ್ಟಿನಲ್ಲಿ ಅದ್ದಿ, ಬ್ರೆಡ್ ಪುಡಿ ಮೆತ್ತಿ ಕರಿದದ್ದು. ಕೂಲಿಯವರ ಹೊಟ್ಟೆ ತುಂಬಿಸಲು ಶುರುವಾದದ್ದು. ದಾರುಮಾ ಅನ್ನುವ ಅಂಗಡಿ 1929ರಿಂದ ಇದೆ. ಮೊದಲೆಲ್ಲ ಸಾಸು ಎಲ್ಲರಿಗೂ ಸೇರಿ ಒಂದೇ ಪಾತ್ರೆ, ಕಡ್ಡಿಯನ್ನು ಒಂದು ಸಲ ಮಾತ್ರ ಅದ್ದಬಹುದಿತ್ತು. ಕಚ್ಚಿ ಮತ್ತೆ ಅದ್ದಿದಿರೋ ಅಂಗಡಿಯವನು ಗದರ್ತಿದ್ದ. ನಿಮ್ಮ ಅಮ್ಮಾವ್ರು ಅಲ್ಲಿದ್ದರೆ, ಎಂಜಲು ಮುಸುರೆ ಗೊತ್ತಿರುವ ಜನ ಅಂತ ಮೆಚ್ಚಿಕೊಳ್ತಿದ್ದರು. ಸಾಸು ಸಾಲದಿದ್ದರೆ ಹಸಿ ಎಲೆಕೋಸಿನ ತುಂಡಿನಲ್ಲಿ ಮೊಗೆದು ಹಾಕಿಕೊಳ್ಳಬೇಕಿತ್ತು. ಕೊರೊನಾ ಬಂದ ಮೇಲೆ ಬಹಳ ಕಡೆ ಸಾಸು ಬಾಟಲಿಗೆ ಹೋಗಿದೆ. ಅದೊಂದು ನಷ್ಟವೇ.

ನೀವು ಹೋದರೆ ಏನು ತಿನ್ನೋದು? ಅಲ್ಲಿಗೇ ಬಂದೆ. ತಾವರೆ ಗಡ್ಡೆ, ಸಿಹಿ ಗೆಣಸು, ಈರುಳ್ಳಿ, ಕೆಂಪು ಉಪ್ಪಿನ ಶುಂಠಿ ಇವನ್ನೂ ಕಡ್ಡಿಗೆ ಚುಚ್ಚಿ ಕರೀತಾರೆ. ಆದರೆ ಹಿಟ್ಟಿನಲ್ಲಿ ಮೊಟ್ಟೆ ಇರಬಹುದು, ಎಣ್ಣೆ ದನದ ಕೊಬ್ಬಿನದಿರಬಹುದು, ಕೇಳದೆ ಬಾಯಿಗಿಡಬೇಡಿ. ತರಕಾರಿ ಅಂತ ಕೊಟ್ಟರೂ ಸಾರಿನಲ್ಲಿ ದಾಶಿ ಇರುತ್ತೆ, ದಾಶಿಯಲ್ಲಿ ಒಣ ಬೊನಿಟೊ ಮೀನು. ಆ ಮೀನನ್ನು ಹೊಗೆ ಹಾಕಿ ಒಣಗಿಸಿ, ಒಳ್ಳೆಯ ಜಾತಿಯದಾದರೆ ಅದಕ್ಕೂ ಬೂಷ್ಟು ಹಿಡಿಸ್ತಾರೆ ಕಣ್ರೀ, ಕಟ್ಟಿಗೆಯಷ್ಟು ಗಟ್ಟಿಯಾಗುವ ತನಕ! ಕ್ಯೋಟೊದ ಬೌದ್ಧ ಮಠಗಳ ಊಟ ಕೇಳಿ, ಅಲ್ಲಿ ದಾಶಿ ಕಡಲಪಾಚಿ, ಒಣ ಅಣಬೆಯದು. ಕುಡಿಯಲು ಅಮಾಜಾಕೆ ಇದೆ, ಅನ್ನಕ್ಕೆ ಕೋಜಿ ಹಾಕಿ ಸಿಹಿ ಮಾಡಿದ್ದು. ಕೋಜಿಯದ್ದೇ ಕೇಳಿ, ಮದ್ಯ ಇರೋದಿಲ್ಲ. ಸಾಕೆಯ ಹಿಂಡಿಯಿಂದ ಮಾಡಿದ್ದರಲ್ಲಿ ಸ್ವಲ್ಪ ಇರುತ್ತೆ.

ರಾತ್ರಿ ಬಿಯರು. ಇಲ್ಲಂತೂ ಬೂಷ್ಟು ಹಿಂದೆ ಸರಿದು ಸುಂಕದವನೇ ಮೆರೆದ. 1994ರ ತನಕ ಜಪಾನಿನಲ್ಲಿ ಬಿಯರಿನ ಲೈಸೆನ್ಸ್ ಬೇಕಾದರೆ ವರ್ಷಕ್ಕೆ ಕನಿಷ್ಠ 20 ಲಕ್ಷ ಲೀಟರ್ ಮಾಡಲೇಬೇಕಿತ್ತು. ದೊಡ್ಡ ಕುಳಗಳು ಬಿಟ್ಟರೆ ಯಾರ ಕೈಲಾಗುತ್ತೆ? ಆ ವರ್ಷ ಅದನ್ನು 60 ಸಾವಿರ ಲೀಟರಿಗೆ ಇಳಿಸಿದರು. ಒಂದು ಅಂಕಿ ತಿದ್ದಿದ್ದಕ್ಕೆ ದೇಶದ ತುಂಬ ಸಣ್ಣ ಬಿಯರುಮನೆಗಳು ಎದ್ದವು. ಅದರಲ್ಲಿ ಎಷ್ಟೋ ಹಳೇ ಸಾಕೆಮನೆಗಳೇ. ಸಾಕೆ ಚಳಿಗಾಲದ ಕೆಲಸ, ಬೇಸಿಗೆಯಲ್ಲಿ ತೊಟ್ಟಿ ಖಾಲಿ. ಇಬರಾಕಿಯ ಕಿಯುಚಿ ಅನ್ನುವವರು 1823ರಿಂದ ಸಾಕೆ ಮಾಡ್ತಿದ್ದವರು, 1996ರಲ್ಲಿ ಬಿಯರಿಗಿಳಿದರು. ಬಾಟಲಿಯ ಮೇಲೆ ಗೂಬೆ. ನಮ್ಮ ಕಡೆ ಗೂಬೆ ಚೀಟಿ ಅಂಟಿಸಿದರೆ ಅಂಗಡಿಯವನೇ ಒಳಗೆ ಬಿಡಲ್ಲ; ಅಲ್ಲಿಂದ ಅದು ಪ್ರಪಂಚಕ್ಕೆಲ್ಲ ಹೋಗುತ್ತೆ. ಒಸಾಕಾದ ಪಕ್ಕದ ಮಿನೊದಲ್ಲಿ ಮದ್ಯದಂಗಡಿಯವರೊಬ್ಬರು 1997ರಲ್ಲಿ ಶುರುಮಾಡಿದ ಮಿನೊ ಬಿಯರನ್ನು ಅವರ ಹೆಣ್ಣುಮಕ್ಕಳು ಬೆಳೆಸಿದರು. ಅವರ ಕಪ್ಪು ಸ್ಟೌಟ್ ನಾನು ಕುಡಿದದ್ದರಲ್ಲೆಲ್ಲ ಮೇಲು.

ಇನ್ನು ತಮಾಷೆ ಕೇಳಿ. ಕಾನೂನಿನ ಪ್ರಕಾರ ಯಾವುದು ಬಿಯರು? 2018ರ ತನಕ ಕೊತ್ತಂಬರಿ ಬೀಜ, ಕಿತ್ತಳೆ ಸಿಪ್ಪೆ ಹಾಕಿದ ಬೆಲ್ಜಿಯಂ ರೀತಿಯದು ಬಿಯರಲ್ಲ, ಹಪ್ಪೋಶು, ಅಂದರೆ ನೊರೆ ಬರುವ ಬೇರೇನೋ ಒಂದು. ಮಾಲ್ಟು, ಅಂದರೆ ಮೊಳಕೆ ಬರಿಸಿದ ಬಾರ್ಲಿ, ಸಾಕಷ್ಟಿದ್ದರೆ ಹೆಸರು ಮಾತ್ರ ಬಿಯರಲ್ಲ, ಸುಂಕ ಬಿಯರಿನದ್ದೇ! ದೊಡ್ಡ ಕಂಪನಿಗಳು ಇದನ್ನೇ ತಿರುಗಿಸಿ ಹೊಡೆದವು. ಆಗ ಮಾಲ್ಟು ಕಾಲುಭಾಗಕ್ಕಿಂತ ಕಮ್ಮಿ ಮಾಡಿದರೆ ಸುಂಕವೂ ಕಮ್ಮಿ ಇತ್ತು. ಮಾಲ್ಟೇ ಇಲ್ಲದೆ ಬಟಾಣಿ ಸತ್ವದಲ್ಲಿ ಮಾಡಿದರೆ ಇನ್ನೂ ಕಮ್ಮಿ. 2020ರವರೆಗೆ 350 ಮಿಲಿ ಡಬ್ಬಿಗೆ ಬಿಯರಾದರೆ 77 ಯೆನ್, ಕಮ್ಮಿ ಮಾಲ್ಟಿನದಕ್ಕೆ ಸುಮಾರು 47, ಮಾಲ್ಟಿಲ್ಲದಂಥ ಮೂರನೇ ದರ್ಜೆಯದಕ್ಕೆ 28. ಅಲ್ಲಿನ ವಿಜ್ಞಾನಿಗಳೆಲ್ಲ ಕೂತು ಸುಂಕದ ಪಟ್ಟಿಗೆ ತಕ್ಕಂತೆ ರುಚಿ ಹೊಲಿದುಕೊಟ್ಟರು. ಸರ್ಕಾರವೂ ಬಿಡಲಿಲ್ಲ, 2026ರ ಅಕ್ಟೋಬರಿಗೆ ಎಲ್ಲಕ್ಕೂ 54.25 ಯೆನ್ ಅಂತ ಕಾನೂನು ಮಾಡಿತು. 2018ರಲ್ಲಿ ಬಿಯರಿಗೆ ಏನೇನು ಸೇರಿಸಬಹುದು ಅಂತ ಒಂದು ಪಟ್ಟಿ ಬಂತು. ಹಣ್ಣು, ಮಸಾಲೆ, ಚಹಾ, ಮಿಸೋ, ಸಿಂಪಿ, ಕಡಲಪಾಚಿ, ಅದೇ ಒಣ ಬೊನಿಟೊ ಮೀನು ಕೂಡ. ಮಾಲ್ಟಿನ ತೂಕದ ನೂರಕ್ಕೆ ಐದು ಪಾಲು ಮೀರಬಾರದು, ಅಷ್ಟೇ. ಬಿಯರಿನಲ್ಲಿ ಮೀನಿಗೆ ಮಿತಿ ಗೊತ್ತು ಮಾಡಿದ ಆ ಗುಮಾಸ್ತನ ಫೈಲು ಒಂದು ಸಲ ಓದಲು ಸಿಕ್ಕರೆ ಸಾಕು ನನಗೆ.

ತಂದದ್ದೇನು ಅಂತ ಕೇಳ್ತೀರಾ? ನೇರವಾಗಿ ಕೇಳಿ, ಅದಕ್ಯಾಕೆ ಸುತ್ತು. ನಮ್ಮ ಕಸ್ಟಮ್ಸ್‌ನವರು ತಲೆಗೆ ಎರಡು ಲೀಟರ್ ಸುಂಕವಿಲ್ಲದೆ ಬಿಡ್ತಾರೆ. ಜಪಾನಿನ ದೊಡ್ಡ ಸಾಕೆ ಬಾಟಲಿ ಅವರ ಹಳೇ ಅಳತೆಯದ್ದು, 1.8 ಲೀಟರ್. ಉಳಿದದ್ದು 200 ಮಿಲಿ. ಅದಕ್ಕೆ ಒಜೆಕಿಯವರ ಗಾಜಿನ ಲೋಟದ ಸಾಕೆ ಹಾಕಿಕೊಂಡೆ, 1964ರಲ್ಲಿ ಟೋಕಿಯೊ ಒಲಿಂಪಿಕ್ಸ್ ಶುರುವಾದ ದಿನವೇ ಮಾರಾಟಕ್ಕೆ ಬಂದದ್ದಂತೆ. ಮುಚ್ಚಳ ಕಿತ್ತು ಹಾಗೇ ಕುಡಿಯೋದು. ಅದು 180. ಒಟ್ಟು 1980 ಮಿಲಿ. ಇಪ್ಪತ್ತು ಮಿಲಿ ಸರ್ಕಾರಕ್ಕೆ ಬಿಟ್ಟುಕೊಟ್ಟು ತಲೆಯೆತ್ತಿಕೊಂಡು ಬಂದೆ. ಬಾಟಲಿ ಬೀಗರ ಮನೆ ಸೇರಿತು. ಲೋಟ ನಮ್ಮ ಫ್ರಿಜ್ಜಿನಲ್ಲಿದೆ, ಮಜ್ಜಿಗೆ ಪಾತ್ರೆಯ ಹಿಂದೆ. ನಮ್ಮ ಲೆಕ್ಕದಲ್ಲಿ ಸರಿಯಾಗಿ ಒಂದು ಕ್ವಾರ್ಟರು. ತಲಾ ನೈಂಟಿ. ಏನಂತೀರಿ?